ಕೂದಲ ಚೀಲದಾಗ ಮಾಯಾ

ಅಸುಂಡಿ ಮಾಯಾ ಸುಳ್ಳು ಹೇಳಾಕ ಕುಂತ್ಲಂದ್ರ, ಗದಗಿನ ಬಸ್ಸು ಸುದ್ದಾ ನಿಂತು ಕೇಳಿ ಮುಂದ ಹೋಗ್ತಿತ್ತು. ಹೋದ ತಿಂಗಳ ಪರೀಕ್ಷಾ ತಪ್ಪಿಸಿ, ಬೆಟಗೇರ್ಯಾಗ ಮಿರ್ಚಿ ತಿಂದು ಹೊತ್ತು ಮಾಡಿ ಬಂದ್ಲು. ಬೈಗಳಕ್ಕ ಹೆದರಿ, "ಕೂದಲಾ ತಗೊಂಡು ಪಾತ್ರಿ ಕೊಡ್ತಾನಲ್ಲ, ಅವ ನನ್ನ ಹಾರಿಸ್ಕೊಂಡು ಹೋಗಾಕ ಬಂದಿದ್ದ" ಅಂದ್ಲು. ಆತು, ಮಂದಿ ಆ ಕೂದಲದ ಫಕೀರಸಾಬನ್ನ ಕಂಬಕ್ಕ ಕಟ್ಟಿ ಬಡದ್ರು. ಓಣ್ಯಾಗ ಕೂಗಾಕ ಲೂನಾಕ್ಕ ಕಟ್ಟಿದ್ದ ಅವನ ಸ್ಪೀಕರ ಒಡದ್ರು. ಮಾಯಾ ಕಿಡಕ್ಯಾಗ ನಿಂತು ನೋಡಿದ್ಲು. ಅವತ್ತಷ್ಟ ಬಾಯಿ ಬಿಡ್ಲಿಲ್ಲ.

ಈಗ ಆಕಿನ್ನ ಖರೇನ ಹಾರಿಸ್ಕೊಂಡು ಹೊಂಟಿದ್ರು.

"ನಿಮ್ಮಪ್ಪ ಬೈಕ್ ಮ್ಯಾಲಿಂದ ಬಿದ್ದಾನ, ಜಲ್ದಿ ಹತ್ತವಾ" ಅಂತ ಕಾಲೇಜ ಮುಂದ ಇಬ್ರು ಕಾರಿಗೆ ಹತ್ತಿಸ್ಕೊಂಡು ಮೊಬೈಲ್ ಕಸಗೊಂಡಿದ್ರು. ಶಿರಹಟ್ಟಿ ದಾರ್ಯಾಗ ಕುರಿ ಅಡ್ಡ ಬಂದ್ವು. ಭೂಮಿ ಮ್ಯಾಲಿನ ಕುರಿಯೆಲ್ಲಾ ಅವತ್ತ ಅಲ್ಲೇ ಬಂದಿದ್ವೇನೋ! ಕಾರು ನಿಂತಿದ್ದ ತಡ, ಮಾಯಾ ಜಿಗದು ಗೋವಿನಜೋಳದ ಹೊಲಾ ಹೊಕ್ಕು ಓಡಿದ್ಲು.

ಆಚಿ ದಾರ್ಯಾಗ ಬೇವಿನ ಗಿಡದ ಬುಡಕ ಒಬ್ಬಾವ ಲೂನಾ ನಿಲ್ಲಿಸಿ ರೊಟ್ಟಿ ತಿಂತಿದ್ದ. ಫಕೀರಸಾಬ! ಹಣಿ ಮ್ಯಾಲಿನ ಗಾಯ ಇನ್ನಾ ಮಾಸಿದ್ದಿಲ್ಲ. ಆಕಿನ್ನ ನೋಡಿದ, ಹಿಂದ ಬೆನ್ನ ಹತ್ತಿದವ್ರು ಒದರಾಡೋದು ಕೇಳಿದ. ಕೂದಲ ಚೀಲದ ಬಾಯಿ ಬಿಚ್ಚಿದ.

"ಒಳಗ ಕುಂಡ್ರು."

ಮೂರೂರ ಹೆಣ್ಮಕ್ಕಳ ಕೂದಲಾ ಮೂಗಿನಾಗ, ಬಾಯಾಗ.

"ಏ ಸಾಬಾ, ಹುಡುಗಿ ಏನರ ನೋಡ್ದ್ಯಾ?"

"ಹುಡುಗಿ ಇಲ್ರಿ ಸಾಹೇಬ್ರ. ಕೂದಲಾ ಅದಾವ. ಬೇಕೇನ್ರಿ?"

ಒಬ್ಬಾವ ಸಿಟ್ಟಿಗೆದ್ದು ಚೀಲಕ್ಕ ಒದ್ದ. ಏಟು ಬೆನ್ನಿಗೆ ಬಿತ್ತು. ಮಾಯಾ ಕಿಮಕ್ ಅನ್ಲಿಲ್ಲ.

ಅವ್ರು ಹೋದ ಮ್ಯಾಲೆ ಹೊರಗ ಬಂದು, "ಕಾಕಾ, ನಾ ಯಾರಂದ್ರ..." ಅಂದ್ಲು.

"ಗೊತ್ತೈತಿ. ಮೊದಲ ನೀರು ಕುಡಿ."

ಆಕಿನ್ನ ಹಿಂದ ಕುಂಡ್ರಿಸ್ಕೊಂಡು ಬಂದು, ಅಸುಂಡಿ ಅಗಸಿ ಬಾಗಲಕ್ಕ ಒಂದ ಕೂಗಳತಿ ದೂರದಾಗ ಲೂನಾ ನಿಲ್ಲಿಸಿದ. "ಇಲ್ಲೇ ಇಳಿಯವಾ. ನಿಮ್ಮೂರಿಗೆ ನಾ ಬರಂಗಿಲ್ಲ."

ಅಷ್ಟರಾಗ ಮಗಳನ್ನ ಹುಡುಕಾಕ ಹೊಂಟಿದ್ದ ಆಕಿ ಅಪ್ಪ ಗಾಳೆಪ್ಪ, ಹಿಂದ ಹತ್ತು ಮಂದಿ, ಓಡಿ ಬಂದ್ರು. ಮಗಳ ಮೈತುಂಬ ಕೂದಲಾ.

"ಮತ್ತ ಇವನ! ಹಿಡೀರ್ಲೇ!"

ಲೂನಾ ಚಾಲೂ ಆಗ್ಲಿಲ್ಲ. ಫಕೀರಸಾಬ ಎರಡೂ ಕೈ ತಲಿ ಮ್ಯಾಲ ಇಟಗೊಂಡು ಕುಂತ. ಬಡೀರಿ ಅಂದಂಗ.

ಮಾಯಾ ಅಡ್ಡ ನಿಂತ್ಲು. ಬಸ್ಸು ನಿಲ್ಲಿಸೋ ಬಾಯಿಗೆ ಮಾತ ಬರವಲ್ದು.

"ಈ ಕಾಕಾ ಇವತ್ತ ನನ್ನ ಉಳಿಸ್ಯಾನಪ್ಪಾ."

"ಮತ್ತ ಅವತ್ತ?"

"ಅವತ್ತ... ಅವತ್ತ ನಾ ಮಿರ್ಚಿ ತಿನ್ನಾಕ ಹೋಗಿದ್ದೆ. ಇವನ್ನ ನೋಡೇ ಇದ್ದಿಲ್ಲ. ಸುಳ್ಳು ಹೇಳ್ದೆ."

ಗಾಳೆಪ್ಪನ ಕೈಯಾಗಿನ ಬಡಿಗಿ ಜಾರಿ ಬಿತ್ತು. ಯಾರೂ ಯಾರ ಮಾರಿ ನೋಡ್ಲಿಲ್ಲ. ಮಾಯಾ ಬಗ್ಗಿ, "ಕಾಕಾ, ಇನ್ನ ಯಾರೂ ಬಡಿಯಂಗಿಲ್ಲ" ಅಂದ್ಲು.

ಫಕೀರಸಾಬ ತಲಿ ಮ್ಯಾಲಿನ ಕೈ ತಗೀಲಿಲ್ಲ.