ಅಂಕಿತವಿಲ್ಲದ ಪದ

ಹಣೆಗೆ ಸುತ್ತಿದ ಬಟ್ಟೆಯನ್ನು ಹಿಂದಿನ ಹಲಗೆಗೆ ಎಷ್ಟು ಬಿಗಿದರೂ ಶಿವರುದ್ರಸ್ವಾಮಿ ಮೇಷ್ಟ್ರ ತಲೆ ಎಡಕ್ಕೇ ವಾಲುತ್ತಿತ್ತು. ಬದುಕಿದ್ದಾಗಲೂ ಅಷ್ಟೇ, ಸನ್ಮಾನಕ್ಕೆಂದು ವೇದಿಕೆಯಲ್ಲಿ ಕೂರಿಸಿದರೆ ಎರಡನೇ ಭಾಷಣದ ಹೊತ್ತಿಗೆ ಹೀಗೇ ಆಗುತ್ತಿತ್ತು. ಹೊನ್ನೂರಿನ ಗಂಡಸರು ಅವರನ್ನು ಕೂತ ಭಂಗಿಯಲ್ಲೇ ಸಮಾಧಿಗೆ ಒಯ್ಯಬೇಕಿತ್ತು. ಮೇಷ್ಟ್ರು ಸಹಕರಿಸುತ್ತಿರಲಿಲ್ಲ.

ಜಗಲಿಯಲ್ಲಿ ಸದಾಶಿವಪ್ಪನ ಭಜನೆ ಮೇಳ ಬೆಳಗಿನಿಂದ ಹಾಡುತ್ತಿತ್ತು. ಕೊಳ್ಳೇಗಾಲದಲ್ಲಿ ಕನ್ನಡ ಲೆಕ್ಚರರ್ ಆಗಿರುವ ಪರಮೇಶ ಹಾರ ಹಾಕಿ ನಾಲ್ಕು ಮಾತಾಡಿದ. ಮೇಷ್ಟ್ರು ಜೀವಮಾನವೆಲ್ಲ ತಮಿಳಿನಿಂದ ಕನ್ನಡಕ್ಕೆ ಕವಿತೆ ತಂದರು, ತಾವೂ ಬರೆದರು, ದುರದೃಷ್ಟ, ಒಂದು ಸಾಲೂ ಜನರ ಬಾಯಿಗೆ ಹತ್ತಲಿಲ್ಲ ಎಂದ. ವಿಷಾದದಿಂದಲೇ ಹೇಳಿದ. ಆಮೇಲೆ ಮೇಳದ ಕಡೆ ತಿರುಗಿ ‘ಕೆರೆ ತುಂಬಿತಂತೆ’ ಹಾಡಲು ಕೇಳಿದ. ಹನೂರಿನಿಂದ ಯಳಂದೂರಿನವರೆಗೆ ಆ ಪದವಿಲ್ಲದೆ ಯಾವ ಹೆಣವೂ ಏಳುವುದಿಲ್ಲ. ಅದು ನಾನೂರು ವರ್ಷ ಹಳೆಯದೆಂದು ಪರಮೇಶ ಪಿಎಚ್.ಡಿ.ಯಲ್ಲಿ ಸಾಧಿಸಿದ್ದಾನೆ.

ಹೆಣದ ಪಕ್ಕ ಕೂತಿದ್ದ ಮೇಷ್ಟ್ರ ಹೆಂಡತಿ ಗುರುಸಿದ್ದಮ್ಮ ತಲೆ ಎತ್ತಿದರು.

*

ಆ ಪದ ಹುಟ್ಟಿದ್ದು ರಾಮಾಪುರದ ಬಾಡಿಗೆ ಮನೆಯ ಅಡುಗೆಕೋಣೆಯಲ್ಲಿ. ಮೇಷ್ಟ್ರು ಆಗ ಅಲ್ಲಿಯ ಶಾಲೆಯಲ್ಲಿದ್ದರು. ರಾಗಿ ಕುಯ್ಯಲು ಬಂದಿದ್ದ ತಮಿಳು ಹೆಂಗಸೊಬ್ಬಳು ಸತ್ತ ಮಗುವನ್ನು ನೆನೆದು ಹಾಡಿಕೊಂಡದ್ದನ್ನು ಬೇಲಿಯಾಚೆ ನಿಂತು ಕೇಳಿದರು. ಆ ಚಳಿಗಾಲವೆಲ್ಲ ಅದನ್ನು ಕನ್ನಡಕ್ಕೆ ತಂದರು. ಒಂದೊಂದು ಸಾಲನ್ನೂ ಗುರುಸಿದ್ದಮ್ಮನ ಮುಂದೆ ಹಾಡುವರು. ಕಾಯಿ ತುರಿಯುವ ಕೈ ನಿಂತರೆ ಸಾಲು ಪಾಸು.

ಪದ ಮುಗಿದರೆ ಕೊನೆಯಲ್ಲಿ ಕಟ್ಟಿದವರ ಹೆಸರೋ ಅವರ ದೇವರ ಹೆಸರೋ ಬರಬೇಕು. ಅದು ಅಂಕಿತ. ನಿಮ್ಮೆಸರೆಲ್ಲಿ ಎಂದು ಆಕೆ ಕೇಳಿದ್ದರು.

"ಅವಳ ಸಂಕಟಕ್ಕೆ ನನ್ನೆಸರು ಆಕೋದಾ? ಬುಡು."

ಬೇಸಿಗೆ ರಜೆಗೆ ಊರಿಗೆ ಬಂದಾಗ ಸದಾಶಿವಪ್ಪನ ಅಪ್ಪ ಅದನ್ನು ಕಲಿತುಕೊಂಡ. ಅಂಕಿತವಿಲ್ಲದ್ದನ್ನು ಭಜನೆಯಲ್ಲಿ ಹಾಡುವಂತಿಲ್ಲ, ಆದ್ದರಿಂದ ಮಾದಪ್ಪನ ಹೆಸರು ಸೇರಿಸಿದ. ದೇವರಿಗೆ ಎಲ್ಲೂ ಜಾಗ ಸಿಗದ ಒಂದು ನುಡಿಯನ್ನು ಕೈಬಿಟ್ಟ. ಮೇಷ್ಟ್ರು ಕೇಳಿ ನಕ್ಕರು. ಗುರುಸಿದ್ದಮ್ಮ ನಗಲಿಲ್ಲ.

*

"ಸದಾಶಿವಪ್ಪ, ಇವತ್ತೊಂದಿನ ಕೊನೇಲಿ ಮೇಷ್ಟ್ರೆಸರು ಆಕಿ ಆಡ್ಬುಡಪ್ಪ. ಅವರು ಕಟ್ಟಿದ ಪದ ಅದು," ಎಂದರು ಗುರುಸಿದ್ದಮ್ಮ.

ಸದಾಶಿವಪ್ಪ ತಾಳ ಕೆಳಗಿಟ್ಟ. "ಮಾದಪ್ಪನ ಎಬ್ಸಿ ಮೇಷ್ಟ್ರ ಕೂರ್ಸಕಾದದಾ ಅತ್ತಿಗೆ? ನಮ್ಮಪ್ಪ ಏಳ್ಕೊಟ್ಟ ಪದ ಅದು."

ಮೇಷ್ಟ್ರು ಅದನ್ನು ಸದಾ ಗುನುಗುತ್ತಿದ್ದರೇನೋ, ಅದಕ್ಕೇ ನಿಮಗೆ ಹಾಗನ್ನಿಸುತ್ತದೆ ಎಂದು ಪರಮೇಶ ಕಾಯಿಲೆಯವರಿಗೆ ಹೇಳುವಂತೆ ಮೆಲ್ಲಗೆ ಹೇಳಿದ. ಹೆಂಗಸರು ಆಕೆಗೆ ಒಂದು ಲೋಟ ನೀರು ಕೊಟ್ಟರು.

ತೆಂಗಿನ ತೋಟದಲ್ಲಿ ಗುಣಿ ಸಿದ್ಧವಾಗಿತ್ತು. ಮೇಷ್ಟ್ರನ್ನು ಒಳಗೆ ಕೂರಿಸಿ, ಎಡಗೈಯಲ್ಲಿ ಲಿಂಗವಿಟ್ಟು, ವಿಭೂತಿ, ಬಿಲ್ವಪತ್ರೆ ಸುರಿದರು. ಮೇಳ ‘ಕೆರೆ ತುಂಬಿತಂತೆ’ ಎತ್ತಿಕೊಂಡಿತು, ಗಂಡಸರು ಮಣ್ಣು ಹಾಕತೊಡಗಿದರು. ಇನ್ನೇನು ಮಾದಪ್ಪ ಬರಬೇಕು, ಅಷ್ಟರಲ್ಲಿ ಗುಣಿಯ ಅಂಚಿನಲ್ಲಿ ನಿಂತಿದ್ದ ಗುರುಸಿದ್ದಮ್ಮ ಬಿಟ್ಟುಹೋದ ನುಡಿಯನ್ನು ಒಬ್ಬರೇ ಹಾಡಿದರು:

ತೊಟ್ಟಿಲ ಮುರಿದು ಒಲೆಗೆ ಇಟ್ಟೆನು,
ಗಂಜಿ ಕಾಸಿದೆ, ಉಣ್ಣುವರಾರೋ.

ದಮ್ಮಡಿಯ ಬಡಿತ ನಿಂತಿತು. ಮಂಕರಿಯಲ್ಲಿ ಮಣ್ಣು ಎತ್ತಿದವರು ಹಾಗೇ ನಿಂತರು. ಸದಾಶಿವಪ್ಪ ಈ ನುಡಿಯನ್ನು ಕೇಳೇ ಇರಲಿಲ್ಲ. ಇನ್ನು ನಂಬದೆ ಎಲ್ಲಿ ಹೋಗುತ್ತಾರೆ ಎಂದು ಗುರುಸಿದ್ದಮ್ಮನಿಗೆ ಅನ್ನಿಸಿತು.

ಪರಮೇಶ ಜನರನ್ನು ಸರಿಸಿಕೊಂಡು ಬಂದ. ಕಣ್ಣಲ್ಲಿ ನೀರಿತ್ತು, ನಿಜವಾದ ನೀರು. ಈ ನುಡಿ ಯಾವ ಸಂಗ್ರಹದಲ್ಲೂ ಇಲ್ಲ, ನಾನೂರು ವರ್ಷ ಹೆಂಗಸರ ಬಾಯಲ್ಲಿ ಹೇಗೆ ಉಳಿದಿತ್ತೋ ಎನ್ನುತ್ತ ಮೊಬೈಲನ್ನು ಆಕೆಯ ಬಾಯಿಯ ಹತ್ತಿರ ಹಿಡಿದ.

"ಅಮ್ಮಾ, ಇನ್ನೊಂದ್ಸಲ ಹಾಡಿ. ಮೊದ್ಲು ಹೆಸರು ಹೇಳ್ಬುಡಿ."

"ಶಿವರುದ್ರಸ್ವಾಮಿ."

"ಯಜಮಾನ್ರದ್ದಲ್ಲಮ್ಮ. ಹಾಡೋರ ಹೆಸರು."

ಆಕೆ ಗುಣಿಯತ್ತ ನೋಡಿದರು. ಮಣ್ಣು ಮೇಷ್ಟ್ರ ಎದೆಯವರೆಗೆ ಬಂದಿತ್ತು. ಪರಮೇಶ ಕೈಸನ್ನೆ ಮಾಡಿದ್ದರಿಂದ ಮಂಕರಿಯವರು ಬಗ್ಗಿ, ರೆಕಾರ್ಡಿಂಗಿಗೆ ತೊಂದರೆಯಾಗದಂತೆ, ಸದ್ದಿಲ್ಲದೆ ಸುರಿಯುತ್ತಿದ್ದರು.