ಗುಂಡಿಯಷ್ಟು ಕಣ್ಣು

ಉಗುರುಬಣ್ಣ ಅಳಿಸುವ ಬಾಟಲಿಯ ವಾಸನೆ, ಅದೇ ಹಳೆ ಅಂಟು ಕರಗಿಸುವ ಅಸಿಟೋನು, ಮೂಗಿಗೆ ಬಡಿದದ್ದೇ ತಡ ತಲೆ ಮೂವತ್ತೊಂದು ವರ್ಷ ಹಿಂದಕ್ಕೆ ಓಡುತ್ತದೆ, ಬೇಡವೆಂದರೂ ಕೇಳುವುದಿಲ್ಲ, ಕುಂಚ ಅದ್ದಿಯಾಗಿದೆ, ಅವಳ ಕೈ ಮಾತ್ರ ಕಲ್ಲಿನ ಮೇಲೆ ಗಾಳಿಯಲ್ಲೇ ನಿಂತಿದೆ, ಕಲ್ಲಿನಲ್ಲಿ ದೊಡ್ಡದು ತಾನೂ ಕಲ್ಲಾಗಿ ಮಲಗಿದೆ, ಇಕ್ತಿಯೋಸಾರ್, ನೋಡಿದರೆ ಮೀನು, ಮೀನಲ್ಲ, ಎಂದೋ ಕಡಲಿಗಿಳಿದ ಹಲ್ಲಿಯಂಥ ಜೀವ, ಉಸಿರಿಗೆ ನಮ್ಮ ಹಾಗೆ ಗಾಳಿಯೇ ಬೇಕು, ಅದರ ಪಕ್ಕೆಲುಬುಗಳ ಕೊನೆಯಲ್ಲಿ ಮರಿ, ಮರಿಯ ತಲೆ, ತಲೆಯಲ್ಲಿ ಆ ಕಣ್ಣು, ಸುತ್ತ ಎಲುಬಿನ ಚಕ್ಕೆಗಳ ಉಂಗುರ, ಅಂಗಿಯ ಗುಂಡಿಯಷ್ಟು — ಬೆಳಿಗ್ಗೆ ಮ್ಯೂಸಿಯಮ್ಮಿನ ಮೇಡಂ ಫಲಕದ ಕರಡು ಹಿಡಿದು ಬಂದಿದ್ದರು, ಹೆರುವಾಗ ಸತ್ತ ತಾಯಿ, ಹೇಗಿದೆ ಅಕ್ಕಾ, ನಾಳೆ ಜನ ಇದರ ಮುಂದೆ ನಿಂತು ಅಳ್ತಾರೆ ನೋಡಿ, ನೀವು ನಿವೃತ್ತಿಯಾಗೋ ಹೊತ್ತಿಗೆ ಎಂಥಾ ಹೆಸರು, ಆ ಮರಿಯ ಮೇಲೆ ಸ್ವಲ್ಪ ಧೂಳಿದೆ, ಒರೆಸಿಬಿಡಿ, ನಾಲ್ಕು ಗಂಟೆಗೆ ಅಚ್ಚಿಗೆ ಕಳಿಸ್ತೀನಿ. ಒರೆಸಿದಳು. ಧೂಳಲ್ಲ, ಅಂಟು, ಹಳದಿಗೆ ತಿರುಗಿದ ಅಂಟು, ಅವಳದೇ.

ಅವಳದೇ ಹೌದಾ, ಹೌದು, ಇಲ್ಲಿ ಬೇರೆ ಯಾರು ಅಂಟಿಸುತ್ತಿದ್ದರು, ಕೆಲಸ ಕಲಿಸಿದ ಮೇಷ್ಟ್ರಿಗೆ ಆಗಲೇ ಕೈ ನಡುಗುತ್ತಿತ್ತು, ಏನೇ ಕಳಚಿ ಬಂದರೂ ಎತ್ತುವ ಮೊದಲು ಚೂರಿಗೂ ಕಲ್ಲಿಗೂ ಸೇರಿಸಿ ಒಂದು ಸೀಮೆಸುಣ್ಣದ ಗೆರೆ ಎಳಿಯಮ್ಮ, ಗೆರೆಗೆ ಗೆರೆ ಕೂಡಿದರೆ ಚೂರು ತನ್ನ ಜಾಗಕ್ಕೆ ಬಂತು ಅಂತ, ಕಲ್ಲಿಗೇನು ಅವಸರ ಇಲ್ಲ, ನಿನಗ್ಯಾಕೆ, ಎಂದು ದಿನಕ್ಕೆ ಹತ್ತು ಸಲ ಹೇಳುತ್ತಿದ್ದರು, ದಿನಾ ಎಳೆದವಳು ಅವತ್ತು ಎಳೆಯಲಿಲ್ಲ, ಆಸ್ಪತ್ರೆಯಿಂದ ಬಂದ ಹದಿನೈದನೇ ದಿನ, ಮನೆಯಲ್ಲಿದ್ದರೆ ಹುಚ್ಚು ಹಿಡಿಯುತ್ತೆ, ಹೋಗು ಎಂದು ಗಂಡನೇ ಕಳಿಸಿದ್ದ, ಮರಿಯ ತಲೆ ಪಟ್ಟನೆ ಎದ್ದು ಅಂಗೈಗೆ ಬಂತು, ಎಷ್ಟು ಹಗುರ, ದಾದಿ ಬಟ್ಟೆಯಲ್ಲಿ ಸುತ್ತಿ ತಂದದ್ದೂ ಅಷ್ಟೇ ಹಗುರ, ಕಾಲು ಮುಂದಾಗಿ ಬಂತು ಕಣಮ್ಮ, ತಲೆ ಸಿಕ್ಕಿಹಾಕಿಕೊಂಡಿತು, ಉಸಿರಿಗೆ ತಡವಾಯಿತು, ನೋಡ್ತೀಯಾ, ನೋಡಿದಳು, ಕಣ್ಣು ಮುಚ್ಚಿಯೇ ಇತ್ತು, ಯಾವ ಬಣ್ಣವೋ — ಮೇಷ್ಟ್ರಿಗೆ ಇದೆಲ್ಲ ಗೊತ್ತಿರಲಿಲ್ಲ, ತಿಂಗಳು ತುಂಬಿರಲಿಲ್ಲ, ಸೆರಗಿನಡಿ ಹೊಟ್ಟೆ ಕಂಡಿರಲಿಲ್ಲ, ಜ್ವರ ಎಂದು ರಜೆ ಚೀಟಿ ಬರೆದಿದ್ದಳು, ಅವರು ಪಾಪ ಪಾಠ ಹೇಳುತ್ತ ಕೂತಿದ್ದರು, ಇವು ಹೆರೋದು ನೀರೊಳಗೇ, ಬಾಲ ಮೊದಲು ಬಂದ್ರೇನೇ ಬದುಕು, ತಲೆ ಮೊದಲು ಬಂದ್ರೆ ನೀರು ಕುಡಿದು ಸಾಯ್ತವೆ. ಕಾಲ ಕಡೆಯಿಂದ ಬಂದರೆ ಬದುಕುವ ಜಾತಿಯೂ ಒಂದಿದೆಯೇ ಎಂದು ಅವಳು ಆ ಬೆಂಚಿನ ಮೇಲೆ ಕೂತು ಎಷ್ಟು ಹೊಟ್ಟೆಕಿಚ್ಚು ಪಟ್ಟಳೆಂದರೆ ಈಗ ನೆನೆದರೂ ನಾಚಿಕೆ.

ಮರಿಯ ಬೆನ್ನೆಲುಬೆಲ್ಲ ಚದುರಿ ಸಾಸಿವೆಯಾಗಿದೆ, ದಿಕ್ಕು ಹೇಳುವುದು ತಲೆಯೊಂದೇ, ಮೂತಿ ದೊಡ್ಡದರ ತಲೆಯ ಕಡೆಗಿದ್ದರೆ ಬಾಲದಿಂದ ಹುಟ್ಟುತ್ತಿದ್ದ ಮರಿ, ಈ ಕಡೆ, ಬಾಲದ ಕಡೆ ತಿರುಗಿದ್ದರೆ ನುಂಗಿದ ತುತ್ತೂ ಇರಬಹುದು, ಬೇಟೆ ತಲೆಯಿಂದಲೇ ತಾನೇ ಗಂಟಲಿಗಿಳಿಯುವುದು, ಅವತ್ತು ಅವಳು ಮೂತಿಯನ್ನ ದೊಡ್ಡದರ ತಲೆಯ ಕಡೆಗೇ ಮಾಡಿ ಕೂರಿಸಿದಳು, ಕಲ್ಲಿನ ಗುರುತು ನೋಡಿ ಕೂರಿಸಿದಳಾ, ಬೇಕೆನಿಸಿ ಕೂರಿಸಿದಳಾ, ನೋಡಿದ ಹಾಗೂ ಇದೆ, ಇಲ್ಲದ ಹಾಗೂ ಇದೆ, ಕಣ್ಣಲ್ಲಿ ನೀರು ತುಂಬಿದವಳಿಗೆ ಏನು ಮಣ್ಣು ಕಂಡೀತು, ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಅಂದ ಹಾಗೆ ತನ್ನ ಸಂಕಟವನ್ನೆಲ್ಲ ಈ ಬಡಪಾಯಿ ಕಲ್ಲಿಗೆ ಮೆತ್ತಿದಳೇನೋ, ಮೂವತ್ತೊಂದು ವರ್ಷ ಬಂದವರೆಲ್ಲ ತಾಯಿ ತಾಯಿ ಎಂದರು, ಅವಳೂ ಎಂದಳು, ಎಂದೂ ಎಂದೂ ನಿಜವೇ ಆಯಿತು, ಬಿಡು, ಸುಮ್ಮನಿದ್ದರೆ ಯಾರಿಗೆ ಗೊತ್ತಾಗುತ್ತೆ, ತಿಂಗಳ ಕೊನೆಗೆ ಹಾರ ಹಾಕಿ ಕಳಿಸ್ತಾರೆ, ಆದರೆ ಅಂಟಿನ ಅಡಿಯಲ್ಲಿ ಕಲ್ಲಿಗೆ ಗೊತ್ತಲ್ಲ, ಉಗುಳುವ ಹಾಗಿಲ್ಲ, ನುಂಗುವ ಹಾಗಿಲ್ಲ — ಕುಂಚ ಇಳಿಯಿತು, ಯಾವಾಗ ಇಳಿಯಿತೋ, ಅಂಟು ಬೆಳ್ಳಗೆ ನೊರೆಯಾಯಿತು, ತಣ್ಣಗೆ, ತಲೆ ಅಲುಗಿ ಅಂಗೈಗೆ ಬಂತು, ಮತ್ತೆ ಅಷ್ಟೇ ಹಗುರ.

ಅಡಿಯಲ್ಲಿ ಮೂತಿಯ ಗುರುತು, ಕೂದಲೆಳೆಯಂಥ ಸಣ್ಣ ಕಾಲುವೆ, ಸ್ಪಷ್ಟ, ಈ ಕಡೆಗೆ, ಬಾಲದ ಕಡೆಗೆ, ಅಯ್ಯೋ, ಹಾಗಾದರೆ ನೀನು ತುತ್ತಾ, ಇಲ್ಲ ತಲೆ ಮುಂದಾಗಿ ಬಂದು ನೀರು ಕುಡಿದ ಮಗುವಾ, ಇದು ತಿಂದದ್ದಾ ಹೆರುತ್ತಿದ್ದದ್ದಾ, ಯಾರಿಗೆ ಗೊತ್ತು, ಯಾರಿಗೂ ಗೊತ್ತಿಲ್ಲ, ಗೊತ್ತಿಲ್ಲ ಎಂಬ ಫಲಕದ ಮುಂದೆ ಯಾರು ಅಳುತ್ತಾರೆ — ಬಾಗಿಲಲ್ಲಿ ಮೇಡಂ, ಆಯ್ತಾ ಅಕ್ಕಾ, ಕಳಿಸಲಾ, ಗಡಿಯಾರದಲ್ಲಿ ನಾಲ್ಕಕ್ಕೆ ಎರಡು ನಿಮಿಷ, ಕಳಿಸಬೇಡಿ ಮೇಡಂ, ಇದನ್ನ ತಿರುಗಿಸಿ ಕೂರಿಸಿದ್ದು ನಾನು, ಎಂದದ್ದು ಅವಳದೇ ಬಾಯಾ, ಏನಂದ್ರಿ, ಏನಂದ್ರಿ ಅಕ್ಕಾ, ಮೇಡಂ ಹತ್ತಿರ ಬರುತ್ತಿದ್ದಾರೆ, ಮುಖ ಬಿಳಿಚಿದೆ, ಏನೋ ಕೇಳುತ್ತಿದ್ದಾರೆ, ಕೇಳಿಸುತ್ತಿಲ್ಲ, ಅಂಗೈಯಲ್ಲಿ ಆ ಕಣ್ಣು, ಗುಂಡಿಯಷ್ಟು, ಎಲುಬಿನ ಉಂಗುರ, ಇದಕ್ಕೆ ರೆಪ್ಪೆಯಿಲ್ಲ, ಮುಚ್ಚುವುದಿಲ್ಲ, ಗುಂಡಿಯಷ್ಟು ಕಣ್ಣು, ತೆರೆದೇ ಇದೆ