ಜಾಳಿಯಿಲ್ಲದ ಡೋಲಿ

ಎಳ್ಳಮಾವಾಸ್ಯೆಯ ದಿನ ಹೊಲಕ್ಕೆ ಚರಗದ ಎಡೆ ಚೆಲ್ಲಿ ಬಂದ ಜನ ಇನ್ನೂ ದಣಿವು ಆರಿಸಿಕೊಂಡಿರಲಿಲ್ಲ, ಮೊಹರಮ್ಮಿನ ಚಂದ್ರ ಕಂಡ. ಆ ವರ್ಷ ಎರಡೂ ಒಂದರ ಬೆನ್ನಿಗೊಂದು ಬಂದವು. ಸಿಂದಗಿಯ ಹಳೇ ಊರಿನಲ್ಲಿ, ಮಸೂತಿಯ ಮುಂದಿನ ಬಯಲಿನಲ್ಲಿ, ಬೆಂಕಿಯ ಕುಣಿ ತೋಡಲು ಗುದ್ದಲಿ ಬಿತ್ತು. ಆ ಸದ್ದು ಜೀನಗಾರರ ಮನೆಯ ಒಲೆಯ ತನಕ ಕೇಳಿತು. ರೊಟ್ಟಿ ಬಡಿಯುತ್ತಿದ್ದ ಶಂಕ್ರೆವ್ವನ ಕೈ ಒಂದು ಗಳಿಗೆ ನಿಂತಿತು. ಆಮೇಲೆ ಮತ್ತೆ ಬಡಿಯತೊಡಗಿತು.

ಹೋದ ವರ್ಷ ಇದೇ ಸದ್ದಿಗೆ ಆಕೆಯ ಗಂಡ ಪರಮಾನಂದ ಉಣ್ಣುವ ತಾಟು ಬಿಟ್ಟು ಎದ್ದು ಹೋಗಿದ್ದ. ಈ ವರ್ಷ ಅವನಿಲ್ಲ. ದೀಪಾವಳಿ ಕಳೆದ ಮೇಲೆ ಕಾಮಣಿ ಹತ್ತಿತು. ಕಣ್ಣು ಹಳದಿಯಾದವು, ಉಂಡದ್ದು ನಿಲ್ಲಲಿಲ್ಲ, ಛಟ್ಟಿ ಅಮಾವಾಸ್ಯೆಯ ಹೊತ್ತಿಗೆ ಮನೆಯಲ್ಲಿ ಇಬ್ಬರೇ ಉಳಿದರು: ಅವನ ತಾಯಿ ಲಕ್ಕವ್ವ ಮತ್ತು ಶಂಕ್ರೆವ್ವ. ಶಂಕ್ರೆವ್ವನನ್ನು ತವರು ಇಂಗಳೇಶ್ವರದಿಂದ ಅಣ್ಣ ಬಂದು ಕರೆದಿದ್ದ. ಆಕೆ ಬರುತ್ತೇನೆ ಎಂದೂ ಅನ್ನಲಿಲ್ಲ, ಬರುವುದಿಲ್ಲ ಎಂದೂ ಅನ್ನಲಿಲ್ಲ. ಅವನು ಬಸ್ಸಿನ ಹೊತ್ತಾಯಿತೆಂದು ಎದ್ದು ಹೋದ.

ಪರಮಾನಂದ ಅಂಗಡಿಗಳ ಬೋರ್ಡು ಬರೆಯುತ್ತಿದ್ದ, ಲಾರಿಗಳ ಹಿಂದೆ ಹೂಬಳ್ಳಿ ಎಳೆಯುತ್ತಿದ್ದ, ಮದುವೆ ಮನೆಯ ಗೋಡೆಗೆ ಆನೆ ಅಂಬಾರಿ ಬರೆಯುತ್ತಿದ್ದ. ಅದೆಲ್ಲ ಹೊಟ್ಟೆಯ ಕೆಲಸ. ವರ್ಷಕ್ಕೊಮ್ಮೆ ಮಾಡುವ ಕೆಲಸವೊಂದಿತ್ತು, ಅದಕ್ಕೆ ಅವನು ಯಾರಿಂದಲೂ ಏನೂ ತೆಗೆದುಕೊಳ್ಳುತ್ತಿರಲಿಲ್ಲ. ಮೊಹರಮ್ಮಿನ ಡೋಲಿ, ಎಂದರೆ ಬಿದಿರ ದಬ್ಬೆಯಲ್ಲಿ ಕಟ್ಟಿದ ಆಳೆತ್ತರದ ಗೋರಿ, ಮೇಲೊಂದು ಗುಮ್ಮಟ, ಮೂಲೆ ಮೂಲೆಗೆ ಮಿನಾರು. ಅದನ್ನು ಕಟ್ಟುವವರು ಆ ಓಣಿಯ ಮುಸಲ್ಮಾನರು. ಅದರ ಕಿಟಕಿಗಳಿಗೆ ಗಾಳಿಪಟಕ್ಕೆ ಹಚ್ಚುವ ತೆಳು ಪತಂಗದ ಕಾಗದದಲ್ಲಿ ಜಾಲರಿಯಂಥ ಜಾಳಿ ಕೊರೆದು ಕೊಡುವವರು ಜೀನಗಾರರು. ಪರಮಾನಂದನ ಮುತ್ತಜ್ಜ ಹೊತ್ತ ಹರಕೆಯಂತೆ. ಯಾತಕ್ಕೆ ಹೊತ್ತದ್ದು ಎಂಬುದು ಲಕ್ಕವ್ವನಿಗೂ ಗೊತ್ತಿರಲಿಲ್ಲ.

ಕೆಲಸಕ್ಕೆ ಕಟ್ಟುಪಾಡಿತ್ತು. ಬಣ್ಣ ಬಣ್ಣದ ಕಾಗದಗಳನ್ನು ಒಂದರ ಮೇಲೊಂದಿಟ್ಟು, ಮಡಿಚಿ ಮಡಿಚಿ ಅಂಗೈಯಷ್ಟು ಮಾಡಿ, ಬೇವಿನ ಹಲಗೆಯ ಮೇಲಿಟ್ಟು ಸಣ್ಣ ಉಳಿಯಿಂದ ಕೊರೆಯಬೇಕು. ಮನೆಯಲ್ಲಿ ಬಿಚ್ಚುವಂತಿಲ್ಲ. ಕೊರೆದವನೂ ನೋಡುವಂತಿಲ್ಲ. ಮಸೂತಿಯ ಮುಂದೆ, ಡೋಲಿಗೆ ಗಂಜಿ ಹಚ್ಚಿ ಅಂಟಿಸುವಾಗಲೇ ಮೊದಲ ಸಲ ಬಿಚ್ಚುವುದು. ಹತ್ತನೆಯ ದಿನ ಡೋಲಿ ಕೆರೆಗೆ ಹೋಗುತ್ತದೆ, ಕಾಗದ ನೀರಿಗೆ, ಬಿದಿರು ಮರಳಿ ಮಸೂತಿಗೆ. ಒಂದು ವರ್ಷದ ಜಾಳಿ ಇನ್ನೊಂದು ವರ್ಷಕ್ಕೆ ಬರುವಂತಿಲ್ಲ, ಅದರ ನಮೂನೆಯನ್ನು ಸಹ ಇಟ್ಟುಕೊಳ್ಳುವಂತಿಲ್ಲ. ಹಾಗಾಗಿ ಪರಮಾನಂದ ವರ್ಷ ವರ್ಷವೂ ವಿಜಾಪುರಕ್ಕೆ ಹೋಗಿ, ಇಬ್ರಾಹಿಂ ರೋಜಾದ ಕಲ್ಲಿನ ಕಿಟಕಿಗಳ ಮುಂದೆ ದಿನವಿಡೀ ಕುಳಿತು ಬರುತ್ತಿದ್ದ.

ಮದುವೆಯಾದ ಹೊಸತರಲ್ಲಿ ಆಕೆಯನ್ನೂ ಕರೆದುಕೊಂಡು ಹೋಗಿದ್ದ. ಶಂಕ್ರೆವ್ವನಿಗೆ ವಿಜಾಪುರವೆಂದರೆ ಗೋಳಗುಮ್ಮಟವಲ್ಲ. ಟಾಂಗಾದ ಕುದುರೆಯ ತಲೆಯ ಮೇಲಿನ ಕೆಂಪು ತುರಾಯಿ, ತಾಜ್ ಬಾವಡಿಯ ಹಸಿರು ನೀರು, ಬಜಾರಿನಲ್ಲಿ ಗುಡ್ಡೆ ಹಾಕಿದ ಗುಲಾಲು, ಹಳೆಯ ಮಹಲಿನ ಮಾಳಿಗೆಯಲ್ಲಿ ಅರ್ಧ ಅಳಿಸಿಹೋದ ಬಂಗಾರದ ಬಳ್ಳಿ. ಇಷ್ಟೂ ತೋರಿಸಿ ಆಮೇಲೆ ಅವನು ರೋಜಾದ ಒಂದು ಕಿಟಕಿಯ ಮುಂದೆ ನಿಲ್ಲಿಸಿ ಆಕೆಯ ಅಂಗೈಯನ್ನು ಕಲ್ಲಿಗೆ ಒತ್ತಿ ಹಿಡಿದಿದ್ದ.

"ಬಿಸಿ ಐತಿ," ಎಂದಿದ್ದಳು.

"ಈಗ ಒಳಗಿಂದ ಮುಟ್ಟು."

ಒಳಗಿನಿಂದ ಅದೇ ಕಲ್ಲು ತಣ್ಣಗಿತ್ತು.

"ಇದನ್ನ ಕೊರದಾಂವ ಯಾರೋ ಏನೋ," ಎಂದಿದ್ದ ಪರಮಾನಂದ. "ಕಲ್ಲ ಉಳೀತು, ಹೆಸರ ಉಳೀಲಿಲ್ಲ. ನಂದು ನೋಡು, ಕಾಗದ ಉಳ್ಯಾಂಗಿಲ್ಲ. ಆದ್ರ ಕೆರ್‍ಯಾಗ ಮುಳುಗೂ ಮುಂದ ಓಣಿ ಓಣಿನ ಅಂತೈತಿ, ಪರಮ್ಯಾನ ಜಾಳಿ ಹೋತಪಾ ಅಂತ."

"ಹೋದ ಮ್ಯಾಲ ಹೆಸರ ತಗೊಂಡ ಏನ ಮಾಡ್ತೀರಿ?"

"ನಿನ್ನ ಕೂಡ ಮಾತಾಡೂದಂದ್ರ ಕಲ್ಲಿಗೆ ಉಳಿ ಹೊಡದಂಗ ನೋಡು," ಎಂದು ನಕ್ಕಿದ್ದ.

ಈ ವರ್ಷ ದೀಪಾವಳಿಯ ಹೊತ್ತಿಗೇ ಅವನು ವಿಜಾಪುರಕ್ಕೆ ಹೋಗಿ ಬಂದಿದ್ದ. ಬಂದವನೇ ಕೊರೆಯಲು ಕುಳಿತ. ಮೈ ಬೆಚ್ಚಗಿದೆ, ಆಮೇಲೆ ಮಾಡಿದರಾಯಿತು ಎಂದರೆ ಕೇಳಲಿಲ್ಲ. ಮುಗಿಸಿ, ಮಡಿಕೆಗಳನ್ನು ಹಳೆಯ ಧೋತರದ ತುಂಡಿನಲ್ಲಿ ಗಂಟು ಕಟ್ಟಿ, ಆಕೆಯ ಟ್ರಂಕಿನಲ್ಲಿ ಸೀರೆಗಳ ಕೆಳಗಿಟ್ಟ.

"ಈ ಸಲದ್ದು ಬ್ಯಾರೆ ಐತಿ," ಎಂದ.

"ಏನೈತಿ ಹೇಳ್ರಲಾ."

"ಮಸೂತಿ ಮುಂದ ಬಿಚ್ಚಿದಾಗ ನೋಡೀಯಂತ. ಬಾಯಿ ತಗದ ನಿಲ್ಲಬ್ಯಾಡ, ನೊಣ ಹೋದೀತು."

ಹಗಲೆಲ್ಲ ಹೊಲಗೆಲಸಕ್ಕೆ ಹೋಗುತ್ತಿದ್ದ ಲಕ್ಕವ್ವ ಅವನು ಕೊರೆದದ್ದನ್ನೂ ಗಂಟು ಕಟ್ಟಿದ್ದನ್ನೂ ನೋಡಿರಲಿಲ್ಲ. ಆಮೇಲೆ ನೋಡುವಂಥ ದಿನಗಳೂ ಬರಲಿಲ್ಲ.

ಚಂದ್ರ ಕಂಡ ಮರುದಿನ ಕಾಸಿಂಸಾಬ ಬಂದ. ಮಸೂತಿಯ ದೇವರುಗಳನ್ನು ನೋಡಿಕೊಳ್ಳುವ ಮುಜಾವರ, ಪರಮಾನಂದನ ಅಪ್ಪನ ಸಂಗಡ ಆಡಿ ಬೆಳೆದವನು. ಒಳಗೆ ಬಾರದೆ ಕಟ್ಟೆಯ ಮೇಲೇ ಕುಳಿತ. ಲಕ್ಕವ್ವ ಚಾ ಕೊಟ್ಟಳು. ಅವನು ಬಟ್ಟಲನ್ನು ಬಹಳ ಹೊತ್ತು ಕೈಯಲ್ಲೇ ಹಿಡಿದುಕೊಂಡಿದ್ದ.

"ಕೇಳಬಾರದು, ಲಕ್ಕಕ್ಕ. ಆದ್ರೂ ಕೇಳಾಕ ಬಂದೇನಿ. ನಮ್ಮ ಹುಡುಗ ಏನರ ಕೊರದ ಇಟ್ಟಿದ್ನೇನು?"

"ಎಲ್ಲೀದಪಾ. ಹಾಸಿಗಿ ಹಿಡದಾಂವ ಉಳಿ ಯಾವಾಗ ಹಿಡದಾನು?" ಎಂದಳು ಲಕ್ಕವ್ವ.

ಕಾಸಿಂಸಾಬ ಬಾಗಿಲೊಳಗೆ ನಿಂತ ಶಂಕ್ರೆವ್ವನ ಕಡೆ ನೋಡಿದ. "ನಿನಗೇನರ ಗೊತ್ತೈತೇನವಾ?"

ಆಕೆಯ ಬಾಯಿಗೆ ಆ ಮಾತು ಹೇಗೆ ಬಂತೋ ಆಕೆಗೇ ತಿಳಿಯದು.

"ಇಲ್ರಿ ಕಾಕಾ."

"ಆತವಾ," ಎಂದು ಅವನು ಆರಿದ ಚಾ ಒಂದೇ ಗುಟುಕಿಗೆ ಕುಡಿದು ಎದ್ದ.

ಪರಮಾನಂದನ ಮುಗಿಯದ ಕೆಲಸವೆಂದರೆ ಇದೊಂದೇ. ಬರೆದ ಬೋರ್ಡುಗಳೆಲ್ಲ ಬರೆದಾಗಿದ್ದವು, ಲಾರಿಗಳು ಎಲ್ಲೆಲ್ಲೋ ಓಡುತ್ತಿದ್ದವು. ಇದು ಮಾತ್ರ ಇನ್ನೂ ಬಿಚ್ಚಬೇಕಾಗಿತ್ತು. ಕೊಟ್ಟರೆ ಬಿಚ್ಚುತ್ತಾರೆ, ಅಂಟಿಸುತ್ತಾರೆ, ಕೆರೆಗೆ ಒಯ್ಯುತ್ತಾರೆ. ಆಮೇಲೆ ಏನೂ ಇರುವುದಿಲ್ಲ. ಶಂಕ್ರೆವ್ವ ಇದಕ್ಕಿಂತ ಹೆಚ್ಚು ಯೋಚಿಸಲಿಲ್ಲ. ಯೋಚಿಸುವುದು ಆಗ ಆಕೆಗೆ ಆಗುತ್ತಿರಲಿಲ್ಲ. ಕೊಡ ತುಂಬುತ್ತಿದ್ದಳು, ಕಸ ಹೊಡೆಯುತ್ತಿದ್ದಳು, ಅತ್ತೆ ಉಣ್ಣು ಎಂದಾಗ ಉಣ್ಣುತ್ತಿದ್ದಳು.

ಮಸೂತಿಯ ಮುಂದೆ ಮಾತು ನಡೆಯಿತು. ಮನೆ ಎದುರಿಗೇ ಇದ್ದುದರಿಂದ ಎಲ್ಲವೂ ಕೇಳುತ್ತಿತ್ತು. ಅರಿವೆ ಅಂಗಡಿಯ ಶ್ರೀಶೈಲಪ್ಪನ ದನಿ ಎಲ್ಲರಿಗಿಂತ ಮೇಲಿತ್ತು.

"ಸೊಲ್ಲಾಪುರದಾಗ ತಯಾರಿದ್ದದ್ದ ಸಿಗತೈತಿ ಕಾಸಿಂಸಾಬ. ಛಾಪಾ ಹೊಡದ ಕಾಗದ, ಥಳಥಳ ಅಂತಾವ. ನಾಳೆ ನಮ್ಮ ಗುಮಾಸ್ತ ಹೊಂಟಾನ, ತರಸೂಣು."

"ಬ್ಯಾಡ್ರಿ."

"ಬ್ಯಾಡಂದ್ರ? ಬೋಳ ಡೋಲಿ ಒಯ್ತೀರೇನು? ದೇವಣಗಾಂವದವರು ಬಂದಿರ್ತಾರ, ಸಿಂದಗಿಯವರು ಕೋಳಿ ಪಂಜರ ಹೊತ್ಕೊಂಡ ಹೊಂಟಾರ ಅಂತ ನಗ್ತಾರ."

"ನಗ್ಲಿ," ಎಂದ ಕಾಸಿಂಸಾಬ. "ಜಾಳಿ ಕೊರ್‍ಯಾಂವ ಹೋಗ್ಯಾನ. ಅವನ ಮನಿ ಸೂತಕದಾಗೈತಿ. ಡೋಲಿಗೆ ಸೂತಕ ಇಲ್ಲೇನು? ಈ ವರ್ಷ ಹಂಗಽ ಹೋಗ್ಲಿ."

"ಹಂಗಂತೀರಾ," ಎಂದು ಶ್ರೀಶೈಲಪ್ಪ ಎದ್ದು ಅಂಗಡಿಯ ಕಡೆ ನಡೆದ.

ಒಳಗೆ ಶಂಕ್ರೆವ್ವ ಗೋಡೆಗೆ ಬೆನ್ನು ಹಚ್ಚಿ ಕುಳಿತಳು. ಈಗ ಎದ್ದು ಹೋಗಿ ಕೊಡಬಹುದಾಗಿತ್ತು. ಆದರೆ ಇಲ್ಲ ಎಂದ ಬಾಯಿ ಈಗ ಐತಿ ಎನ್ನುವುದು ಹೇಗೆ?

ಮರುದಿನ ಕಾಸಿಂಸಾಬನ ಹೆಂಡತಿ ಜೋಹರಾಬಿ ಸೆರಗಿನಡಿ ಚೊಂಗೆ ಮುಚ್ಚಿಕೊಂಡು ಬಂದಳು. ಗೋದಿಹಿಟ್ಟು, ಬೆಲ್ಲದ ಆ ರೊಟ್ಟಿಗಳ ಮೇಲೆ ಅಚ್ಚೊತ್ತಿದ ಗೆರೆಗಳಿದ್ದವು.

"ತಗೋವಾ ಶಂಕ್ರಿ. ಅವಗ ಭಾಳ ಸೇರ್ತಿದ್ದುವು. ಹೋದ ವರ್ಷ ಒಲಿ ಮುಂದ ಕುಂತಾಂವ ಏಳಲೇ ಇಲ್ಲ. ನಿನ್ನ ಹೊಟ್ಟಿ ಕೆಡ್ತೈತೋ ಮಾರಾಯಾ ಅಂದ್ರ, ಹೊಟ್ಟಿ ಕೆಟ್ರ ಕೆರಿ ಐತಿ ಬಿಡ ಚಿಗವ್ವ ಅಂದ."

ಲಕ್ಕವ್ವ ನಕ್ಕಳು. ನಗುತ್ತಲೇ ಅತ್ತಳು. ಜೋಹರಾಬಿಯೂ ಕಣ್ಣೊರೆಸಿಕೊಂಡಳು. ಶಂಕ್ರೆವ್ವ ಚೊಂಗೆಯನ್ನು ಮುರಿದು ತಿಂದಳು. ಸಿಹಿ ಇತ್ತು, ಅಷ್ಟೇ.

"ಈಕಿ ಒಂದ ಹನಿ ಹಾಕವಲ್ಲಳು ನೋಡು," ಎಂದಳು ಲಕ್ಕವ್ವ, ಆಕೆ ಅಲ್ಲಿ ಇಲ್ಲವೇ ಇಲ್ಲವೆಂಬಂತೆ. "ಮಂದಿ ನನ್ನ ಕೇಳ್ತಾರ, ನಿನ್ನ ಸೊಸಿ ಕಲ್ಲೇನು ಅಂತ."

"ಮಂದಿ ಬಾಯಿಗೆ ಏನ ಕೆಲಸ," ಎಂದಳು ಜೋಹರಾಬಿ.

ಆ ಮಧ್ಯಾಹ್ನ ಲಕ್ಕವ್ವ ನಿದ್ದೆ ಹೋದಾಗ ಶಂಕ್ರೆವ್ವ ಟ್ರಂಕು ತೆಗೆದಳು. ಗಂಟು ಬಿಚ್ಚಿದಳು. ಮಡಿಕೆಗಳು ಒಂದಕ್ಕೊಂದು ಒತ್ತಿ ಕುಳಿತಿದ್ದವು. ಅಂಚಿನಲ್ಲಿ ಕೆಂಪು ಕಾಣುತ್ತಿತ್ತು, ಅದರಡಿ ಹಸಿರು, ಅದರಡಿ ಇನ್ನೊಂದು ಬಣ್ಣ. ಉಳಿಯ ಕಚ್ಚುಗಳು ಇರುವೆಯ ಸಾಲಿನಂತೆ ತೋರಿದವು. ಅವುಗಳಿಂದ ಏನೂ ತಿಳಿಯುವಂತಿರಲಿಲ್ಲ. ಮೇಲಿನ ಮಡಿಕೆಯ ತುದಿಯನ್ನು ಉಗುರಿನಿಂದ ಎತ್ತಿದಳು. ಪತಂಗದ ಕಾಗದ ಸಣ್ಣಗೆ ಸದ್ದು ಮಾಡಿತು. ಇನ್ನೊಂದು ಸ್ವಲ್ಪ ಎತ್ತಿದ್ದರೆ ಸಾಕಾಗಿತ್ತು.

ಇಲ್ಲಿ, ಈ ಅರೆಗತ್ತಲಲ್ಲಿ, ಒಬ್ಬಳೇ ಬಿಚ್ಚಿ ನೋಡುವುದಕ್ಕಲ್ಲ ಅವನು ಜ್ವರದಲ್ಲಿ ಕುಳಿತು ಕೊರೆದದ್ದು. ತುದಿಯನ್ನು ಮತ್ತೆ ಒತ್ತಿ ಕೂಡಿಸಿ ಗಂಟು ಕಟ್ಟಿದಳು. ಆದರೂ ಕೊಡಲು ಹೋಗಲಿಲ್ಲ. ನಾಳೆ ಎಂದುಕೊಂಡಳು. ಮರುದಿನವೂ ನಾಳೆ ಎಂದುಕೊಂಡಳು.

ಹತ್ತನೆಯ ದಿನ ಬಂತು. ಸುತ್ತಲ ಹಳ್ಳಿಗಳಿಂದ ಗಾಡಿ ಕಟ್ಟಿಕೊಂಡು ಜನ ಬಂದರು. ತಮಟೆಯಂಥ ಹಲಗೆಯ ಸದ್ದಿಗೆ ಹೆಜ್ಜೆ ಮೇಳದವರು ಕುಣಿದರು, ಹಾಡುವವರು ಕರ್ಬಲಾದ ಕಥೆ ಎತ್ತಿಕೊಂಡು, ನೀರಿಲ್ಲದೆ ಸತ್ತ ಮಕ್ಕಳ ಮಾತು ಬಂದಲ್ಲಿ ದನಿ ಒಡೆದುಕೊಂಡರು. ಹೊತ್ತು ಇಳಿಯುವಾಗ ಡೋಲಿ ಎದ್ದಿತು.

ಎದ್ದ ಡೋಲಿ ಮೊದಲು ನಿಲ್ಲುವುದು ಜೀನಗಾರರ ಬಾಗಿಲಲ್ಲಿ. ಕಿಟಕಿಗಳಿಗೆ ಕಾಗದವಿಲ್ಲದೆ ಬರೀ ಬಿದಿರು ಬರುತ್ತಿತ್ತು. ಗುಮ್ಮಟದ ಮೇಲೆ ಒಂದು ಬಿಳಿ ಅರಿವೆ ಹೊದಿಸಿದ್ದರು. ಬಿದಿರ ಸಂದಿಯಿಂದ ಆಚೆ ಬದಿಯವರ ಮುಖಗಳು ಕಾಣುತ್ತಿದ್ದವು. ದೇವಣಗಾಂವದವರು ನಗಲಿಲ್ಲ. ಯಾರೂ ನಗಲಿಲ್ಲ. ಮುದುಕನೊಬ್ಬ ರುಮಾಲು ತೆಗೆದು ಕೈಯಲ್ಲಿ ಹಿಡಿದುಕೊಂಡ.

ಲಕ್ಕವ್ವ ಕೊಡದ ನೀರು ತಂದು ಹೊತ್ತವರ ಕಾಲಿಗೆ ಸುರಿದಳು. ಬಿದಿರ ಮೇಲೆ ಕೈಯಿಟ್ಟು, "ನನ್ನ ಪರಮ್ಯಾ ಇಲ್ಲಂತ ನೀನೂ ಬೋಳಾದೇನೋ ನಮ್ಮಪ್ಪಾ" ಎಂದು ಕೂಗಿ ಅತ್ತಳು.

ಆ ಕೂಗಿಗೆ ಶಂಕ್ರೆವ್ವ ಒಳಗೆ ಓಡಿದಳು. ಟ್ರಂಕಿನ ಸೀರೆಗಳನ್ನೆಲ್ಲ ನೆಲಕ್ಕೆ ಚೆಲ್ಲಿ ಗಂಟನ್ನು ಎದೆಗವಚಿಕೊಂಡು ಹೊರಗೆ ಬಂದಳು. ಗಂಡ ಸತ್ತ ಮೇಲೆ ಆಕೆ ಹೊಸ್ತಿಲು ದಾಟಿ ಜನರ ನಡುವೆ ಬಂದದ್ದು ಅದೇ ಮೊದಲು. ಹಲಗೆ ನಿಂತಿತು.

"ಕಾಕಾ, ಐತ್ರಿ. ಕೊರದ ಇಟ್ಟಿದ್ರು. ನಾ ಸುಳ್ಳ ಹೇಳಿದ್ನಿ."

ಕಾಸಿಂಸಾಬ ಗಂಟು ತೆಗೆದುಕೊಂಡ. ಕೈಯಲ್ಲಿ ತೂಗಿ ನೋಡಿದಂತೆ ಹಿಡಿದು ನಿಂತ.

"ಅಯ್ಯ ಬಂತಲಾ!" ಎಂದ ಶ್ರೀಶೈಲಪ್ಪ. "ಗಂಜಿ ತರ್ರಿ ಯಾರರ, ಅರ್ಧಾ ತಾಸಿನ್ಯಾಗ ಹಚ್ಚೂಣು. ಇಳಸ್ರಿ ಡೋಲಿ."

"ಎದ್ದ ಡೋಲಿ ಕೆರಿ ಮುಟ್ಟೂ ಮಟಾ ನೆಲಕ್ಕ ಇಳ್ಯಾಂಗಿಲ್ಲ," ಎಂದ ಕಾಸಿಂಸಾಬ. ಅದು ಶಂಕ್ರೆವ್ವನಿಗೆ ಗೊತ್ತಿತ್ತು. ಆ ಓಣಿಯಲ್ಲಿ ಎಲ್ಲರಿಗೂ ಗೊತ್ತಿತ್ತು.

"ಹಂಗಾರ ಇಟ್ಕೋರಿ," ಎಂದಳು. "ಮುಂದಿನ ವರ್ಷ..."

"ಇಟ್ಕೊಳಾಕ ಬರಾಂಗಿಲ್ಲ, ಮಗಳ."

ಅವನ ಮಾತಿನಲ್ಲಿ ಸಿಟ್ಟಿರಲಿಲ್ಲ. ಸಿಟ್ಟು ಮಾಡಿದ್ದರೆ ಚೆನ್ನಾಗಿತ್ತು. ಹೊತ್ತವರಿಗೆ ತುಸು ಬಗ್ಗಲು ಹೇಳಿ, ಕಾಗದವಿಲ್ಲದ ಕಿಟಕಿಯೊಳಗೆ ಕೈ ತೂರಿಸಿ, ಗಂಟನ್ನು ಗೋರಿಯ ನಡುವೆ ಮೆತ್ತಗೆ ಇಟ್ಟ. ಮಣ್ಣಿಗಿಟ್ಟಂತೆ ಇಟ್ಟ. ಹಲಗೆ ಮತ್ತೆ ಶುರುವಾಯಿತು. ಡೋಲಿ ತಿರುವು ದಾಟುವ ತನಕ ಬಿದಿರ ನಡುವೆ ಧೋತರದ ಬಿಳಿ ಕಾಣುತ್ತಿತ್ತು.

ಹೆಂಗಸರು ಕೆರೆಯ ತನಕ ಹೋಗುವುದಿಲ್ಲ. ಅತ್ತೆ ಸೊಸೆ ಕಟ್ಟೆಯ ಮೇಲೆ ಕುಳಿತರು. ಅತ್ತೆ ಬೈಯುತ್ತಾಳೆಂದು ಶಂಕ್ರೆವ್ವ ಕಾದಳು, ಲಕ್ಕವ್ವ ಸೆರಗಿನಿಂದ ಮುಖ ಒರೆಸಿಕೊಂಡು ಕೆರೆಯ ದಾರಿ ನೋಡುತ್ತಿದ್ದಳು.

ದೀಪ ಹಚ್ಚುವ ಹೊತ್ತಿಗೆ ಜನ ಮರಳಿದರು. ಹೋಗುವಾಗಿನ ಸದ್ದು ಬರುವಾಗ ಇರುವುದಿಲ್ಲ. ಕಾಸಿಂಸಾಬ ತೊಯ್ದ ಬಟ್ಟೆಯಲ್ಲೇ ಬಂದು ಅವರ ಮುಂದೆ ನಿಂತ.

"ಆತು ಲಕ್ಕಕ್ಕ."

"ಬಿಚ್ಚಿ ಬಿಟ್ರೇನ್ರಿ, ಕಾಕಾ?" ಎಂದು ಕೇಳಿದಳು ಶಂಕ್ರೆವ್ವ.

"ಇಲ್ಲವಾ. ಗಂಟ ಬಿಚ್ಚಾಕ ಕೈ ಬರಲಿಲ್ಲ. ಹಂಗಽ ಮುಳುಗಿಸಿದ್ನಿ. ತುಸು ಬಣ್ಣ ಬಿಡ್ತು, ಮದಲ ಕೆಂಪ, ಆಮ್ಯಾಗ ಹಸರ. ಮತ್ತ ನೀರ ನೀರಿನಂಗ ಆತು." ತೊಯ್ದ ಅಂಗಿಯ ತುದಿ ಹಿಂಡುತ್ತ, "ಪರಮ್ಯಾನ ಜಾಳಿ ಹೋತು ಅಂತ ಅಂದ್ರು ಎಲ್ಲಾರೂ," ಎಂದ. ಚಳಿಗೆ ಹಲ್ಲು ಕಟಕಟ ಎನ್ನುತ್ತಿದ್ದವು. ಮನೆಗೆ ಹೋದ.

ಕತ್ತಲಾಗುತ್ತಿತ್ತು. ಒಳಗೆ ಸೀರೆಗಳು ನೆಲದ ಮೇಲೆ ಹಾಗೇ ಬಿದ್ದಿದ್ದವು.

"ಏನ ಕೊರದಿದ್ದ?" ಎಂದು ಕೇಳಿದಳು ಲಕ್ಕವ್ವ.

"ನೋಡ್ಲಿಲ್ರಿ ಅತ್ತಿ."

"ಇಷ್ಟ ದಿನಾ ಇಟ್ಕೊಂಡಿ, ನೋಡ್ಲಿಲ್ಲ?"

"ಬಿಚ್ಚಬಾರದಂತ ಅವರು ಹೇಳಿದ್ರಲ್ರಿ."

ಲಕ್ಕವ್ವ ಆಕೆಯ ಬೆನ್ನಿಗೆ ಒಂದು ಗುದ್ದು ಹಾಕಿದಳು. "ನೋಡಬೇಕಿಲ್ಲೇನ, ಹುಚ್ಚಿ! ನಾ ಇದ್ರ ನೋಡ್ತಿದ್ನಿ. ತಾಯಾಗಿ ನೋಡ್ತಿದ್ನಿ." ಆ ಕೈಯನ್ನು ಬೆನ್ನಿನಿಂದ ತೆಗೆಯಲಿಲ್ಲ. ಬೆನ್ನು ಅಲುಗತೊಡಗಿದ್ದು ಆ ಕೈಗೇ ಮೊದಲು ತಿಳಿಯಿತು. ಶಂಕ್ರೆವ್ವನ ಅಳು ಎಷ್ಟು ಹೊತ್ತಾದರೂ ನಿಲ್ಲಲಿಲ್ಲ. ಲಕ್ಕವ್ವ ಸುಮ್ಮನಿರು ಎನ್ನಲಿಲ್ಲ.

ಅಳು ಇಳಿದ ಮೇಲೆ, "ಚುಕ್ಕಿ ಇರಬೇಕು," ಎಂದಳು ಲಕ್ಕವ್ವ. "ಎಂಟ ಮೂಲಿ ಚುಕ್ಕಿ. ಅವರಪ್ಪ ಚಲೋ ಕೊರೀತಿದ್ದ."

"ಬ್ಯಾರೆ ಐತಿ ಅಂದಿದ್ರು."

"ಹಂಗಾರ ದಾಳಂಬ್ರ ಹೂವ."

"ಅದನ್ನ ಹೋದ ವರ್ಷ ಕೊರದಿದ್ರಲ್ರಿ ಅತ್ತಿ."

"ಹೌದಲಾ," ಎಂದಳು ಲಕ್ಕವ್ವ.